ಮೊಳಕೆ ಹೆಸರುಕಾಳು ಪಲ್ಯ: ನೀರು ಬೇಡ, ಮುಚ್ಚಳ ಬೇಕು

ಇವತ್ತು ಮೊಳಕೆ ಹೆಸರುಕಾಳಿನ ಪಲ್ಯದ ಬಗ್ಗೆ ಮಾತಾಡೋಣ. ಪಿಜಿಯಲ್ಲಿ ಒಂದೇ ಒಂದು ಇಂಡಕ್ಷನ್ ಸ್ಟವ್ ಇದ್ರೂ ಮಾಡಬಹುದು. ಅದಕ್ಕೂ ಮೊದಲು ಒಂದು ಲೆಕ್ಕ ಸರಿ ಮಾಡ್ಕೊಳ್ಳೋಣ.

‘ಮೊಳಕೆ ಬಂದ್ರೆ ಪ್ರೋಟೀನ್ ಡಬಲ್’ ಅಂತ ರೀಲ್ಸ್‌ನಲ್ಲಿ ಹೇಳ್ತಾರೆ. ಆಗಲ್ಲ. 100 ಗ್ರಾಂ ಒಣ ಹೆಸರುಕಾಳಿನಲ್ಲಿ ಸುಮಾರು 22ರಿಂದ 24 ಗ್ರಾಂ ಪ್ರೋಟೀನ್ ಇರುತ್ತೆ. ಮೊಳಕೆ ಬಂದ ಮೇಲೆ ಅದೇ ಕಾಳಿನ ತೂಕ ಎರಡು ಪಟ್ಟು ದಾಟಬಹುದು, ಆದ್ರೆ ಹೆಚ್ಚಾಗಿದ್ದು ನೀರು. ಪ್ರೋಟೀನ್ ಹೆಚ್ಚುಕಮ್ಮಿ ಅಷ್ಟೇ. ಷೇರು ಸ್ಪ್ಲಿಟ್ ಆದ ಹಾಗೆ: ಸಂಖ್ಯೆ ಜಾಸ್ತಿ, ಮೌಲ್ಯ ಅದೇ.

ಮತ್ತೆ ಮೊಳಕೆ ಯಾಕೆ ಕಟ್ಟಬೇಕು? ಹೊಟ್ಟೆ ಉಬ್ಬರಿಸೋ ಕೆಲವು ಸಕ್ಕರೆಗಳನ್ನ ಕಾಳು ಮೊಳೆಯುವಾಗ ತಾನೇ ಖರ್ಚು ಮಾಡ್ಕೊಳ್ಳುತ್ತೆ. ಕಬ್ಬಿಣಾಂಶ ಮೈಗೆ ಹತ್ತದ ಹಾಗೆ ತಡೆಯೋ ಫೈಟಿಕ್ ಆಮ್ಲ ಕಮ್ಮಿಯಾಗುತ್ತೆ. ವಿಟಮಿನ್ ಸಿ ಹೆಚ್ಚುತ್ತೆ. ಜೊತೆಗೆ ಬೇಗ ಬೇಯುತ್ತೆ.

ರಾತ್ರಿ ಒಂದು ಲೋಟ ಕಾಳು ತೊಳೆದು ನೆನೆಸಿ. ಬೆಳಗ್ಗೆ ನೀರು ಪೂರ್ತಿ ಬಸಿದು, ಶುಭ್ರವಾದ ಒದ್ದೆ ಬಟ್ಟೆಯಲ್ಲಿ ಕಟ್ಟಿಡಿ. ಬೇಸಿಗೆಯಲ್ಲಿ ಒಂದು ದಿನ ಸಾಕು, ಚಳಿಗಾಲದಲ್ಲಿ ಇನ್ನೂ ಸ್ವಲ್ಪ ಹೊತ್ತು. ಮೊಳಕೆ ಕಾಳಿನಷ್ಟು ಉದ್ದ ಬಂದ್ರೆ ಆಯ್ತು. ಲೋಳೆ ಕಂಡ್ರೆ, ಹುಳಿ ವಾಸನೆ ಬಂದ್ರೆ ಯೋಚನೆ ಮಾಡದೆ ಎಸೀರಿ. ಮೊಳಕೆಗೆ ಬೇಕಾದ ಬೆಚ್ಚಗಿನ ತೇವಾನೇ ಸಾಲ್ಮೊನೆಲ್ಲಾ, ಇ. ಕೊಲಿ ಥರದ ಬ್ಯಾಕ್ಟೀರಿಯಾಗೂ ಬೇಕು. ಅವು ಇದ್ರೂ ಎಷ್ಟೋ ಸಲ ವಾಸನೆಯಲ್ಲಿ ಗೊತ್ತಾಗಲ್ಲ. ಅದಕ್ಕೇ ಗರ್ಭಿಣಿಯರು, ಪುಟ್ಟ ಮಕ್ಕಳು, ವಯಸ್ಸಾದವರು ಹಸಿ ಮೊಳಕೆ ತಿನ್ನಬಾರದು ಅನ್ನೋದು. ಜಿಮ್ ಹುಡುಗರ ಹಸಿ ಮೊಳಕೆ ಬಟ್ಟಲಿಗಿಂತ ನನಗೆ ಪಲ್ಯನೇ ವಾಸಿ ಅನ್ಸೋದು ಇದಕ್ಕೇ.

ಬಾಣಲೆಗೆ ಎರಡು ಚಮಚ ಎಣ್ಣೆ. ಸಾಸಿವೆ ಸಿಡಿದ ಮೇಲೆ ಉದ್ದಿನಬೇಳೆ, ಅದು ಕೆಂಪಾಗ್ತಿದ್ದ ಹಾಗೆ ಇಂಗು, ಕರಿಬೇವು, ಮುರಿದ ಬ್ಯಾಡಗಿ ಮೆಣಸಿನಕಾಯಿ. ಈರುಳ್ಳಿ ನಿಮ್ಮಿಷ್ಟ. ಈಗ ಕಾಳು, ಅರಿಶಿನ, ಉಪ್ಪು ಹಾಕಿ, ಒಂದ್ಸಲ ತಿರುವಿ, ಸಣ್ಣ ಉರಿಯಲ್ಲಿ ಮುಚ್ಚಳ ಮುಚ್ಚಿ. ನೀರು ಸುರೀಬೇಡಿ! ಕಾಳಿನೊಳಗೇ ನೀರಿದೆಯಲ್ಲ, ಆ ಹಬೆಯಲ್ಲೇ ಬೇಯುತ್ತೆ. ತಳ ಹಿಡಿಯೋ ಹಾಗಿದ್ರೆ ಕೈಯಲ್ಲಿ ಒಂಚೂರು ಚಿಮುಕಿಸಿ. ಎಂಟ್ಹತ್ತು ನಿಮಿಷದಲ್ಲಿ ಒಂದು ಕಾಳು ತೆಗೆದು ಒತ್ತಿ ನೋಡಿ. ಮೆತ್ತಗೆ ಮುರೀಬೇಕು, ಮುದ್ದೆ ಆಗ್ಬಾರದು.

ಒಂದು ಹಿಡಿ ಕಾಯಿತುರಿ ಕೊನೆಗೆ. ಮೊದಲೇ ಹಾಕಿದ್ರೆ ಒಣಗಿ ನಾರಿನ ಹಾಗಾಗುತ್ತೆ. ಸ್ಟವ್ ಆಫ್ ಮಾಡಿದ ಮೇಲೆ ನಿಂಬೆರಸ. ಬಿಸಿಗೆ ಕಳೆದುಹೋದ ವಿಟಮಿನ್ ಸಿ ಸ್ವಲ್ಪ ವಾಪಸ್ ಬರುತ್ತೆ. ಹಸಿ ಕಾಯಿ ಹಾಕಿದ ಪಲ್ಯ ಬೇಗ ಹಳಸುತ್ತೆ, ಹಾಗಾಗಿ ಬೆಳಗ್ಗೆ ಮಾಡಿದ್ದನ್ನ ಮಧ್ಯಾಹ್ನದೊಳಗೆ ಮುಗಿಸಿ.

ಹುರುಳಿಕಾಳಿಗೆ ಮಾತ್ರ ಈ ವಿಧಾನ ನಡೆಯಲ್ಲ. ಅದು ಗಟ್ಟಿ ಕಾಳು, ಕುಕ್ಕರ್‌ನಲ್ಲಿ ನೀರು ಹಾಕಿಯೇ ಬೇಯಿಸಬೇಕು. ಬಸಿದ ಕಟ್ಟು ಚೆಲ್ಲಬೇಡಿ, ಹಳೇ ಮೈಸೂರು ಕಡೆ ಬಸ್ಸಾರು ಮಾಡೋದು ಅದರಲ್ಲೇ.