ಮಾರಿದ ಮಾಲು ವಾಪಸು!

ಮಾಟುಂಗದಲ್ಲಿ ನಾವು ಎಷ್ಟೋ ವರ್ಷಗಳಿಂದ ದಿನಸಿ ಕೊಳ್ಳುವ ಅಂಗಡಿಯೊಂದಿದೆ. ಅದರ ಗಲ್ಲಾಪೆಟ್ಟಿಗೆಯ ಮೇಲ್ಗಡೆ, ಊದುಬತ್ತಿಯ ಹೊಗೆಗೆ ಮಸುಕಾದ ಹಲಗೆಯೊಂದು ತೂಗುತ್ತಿದೆ: ‘ಮಾರಿದ ಮಾಲನ್ನು ವಾಪಸು ತೆಗೆದುಕೊಳ್ಳುವುದಿಲ್ಲ.’ ಆದರೂ ಅಲ್ಲಿಂದ ತಂದ ತೊಗರಿಬೇಳೆಯಲ್ಲಿ ಹುಳು ಕಂಡಿತೋ, ನಮ್ಮ ತಾಯಿಯವರು ಮರುದಿನವೇ ಚೀಲ ಹಿಡಿದು ಹೊರಡುತ್ತಾರೆ. ಅಂಗಡಿಯಾತ ಹಲಗೆಯ ಕಡೆಗೆ ನೋಡುವುದಿಲ್ಲ. ತಾಯಿಯವರ ಮುಖ ನೋಡುತ್ತಾನೆ, ಬೇರೆ ಬೇಳೆ ತೂಗಿ ಕೊಡುತ್ತಾನೆ. ವ್ಯವಹಾರವೆಂದರೆ ಹೀಗೆ ಮುಖ ನೋಡಿ ನಡೆಯುವಂಥದು ಎಂದೇ ನಾವು ತಿಳಿದಿದ್ದೆವು. ಮುಖವೂ ಇಲ್ಲದ, ಗಲ್ಲಾಪೆಟ್ಟಿಗೆಯೂ ಇಲ್ಲದ, ಮಾಲೆಂಬುದು ಕೈಗೇ ಸಿಗದ ಅಂಗಡಿಯೊಂದರಿಂದ ಹಣ ವಾಪಸು ಪಡೆಯಬೇಕಾದ ಪ್ರಸಂಗ ಈಚೆಗೆ ನಮಗೆ ಒದಗಿತು. ಆ ವೃತ್ತಾಂತವನ್ನೇ ಸಂಘದ ಬಂಧುಗಳ ಮುಂದಿಡುತ್ತಿದ್ದೇವೆ. ಮಕ್ಕಳಿರುವ ಮನೆಗಳಿಗೆ ಉಪಯೋಗವಾದೀತು.

ಪುಣೆಯಲ್ಲಿರುವ ನಮ್ಮ ಭಾವಮೈದುನ ಹೊಸ ಯಂತ್ರಗಳನ್ನು ಕೊಂಡಾಗ ಹಳೆಯವನ್ನು ಅಕ್ಕನ ಮನೆಗೆ ಸಾಗಿಸುವುದು ರೂಢಿ. ಈ ಬಾರಿ ಬಂದದ್ದು ಒಂದು ಕಂಪ್ಯೂಟರು ಮತ್ತು ಅದಕ್ಕೆ ತಂತಿಯಿಂದ ಜೋಡಿಸಿ ತಲೆಗೆ ಕಟ್ಟಿಕೊಳ್ಳುವ ವರ್ಚುಯಲ್ ರಿಯಾಲಿಟಿಯ ಹೆಡ್‌ಸೆಟ್ಟು. ಕಾಣದವರಿಗಾಗಿ ಹೇಳುವುದಾದರೆ, ಇದು ಎರಡು ಕಣ್ಣಿಗೂ ಬೇರೆ ಬೇರೆ ಚಿತ್ರ ತೋರಿಸುವ ಕನ್ನಡಕದಂಥ ಪೆಟ್ಟಿಗೆ. ತಲೆ ಎತ್ತ ತಿರುಗಿದರೆ ಚಿತ್ರವೂ ಅತ್ತ ತಿರುಗುತ್ತದೆ. ಹಾಕಿಕೊಂಡವನಿಗೆ ತಾನು ಚಿತ್ರದ ಒಳಗೇ ನಿಂತಂತೆ ಭಾಸವಾಗುತ್ತದೆ; ನೋಡುವವರಿಗೆ ಮಾತ್ರ ಅವನು ಗೋಡೆ ತಡವುವ ಕುರುಡನಂತೆ ಕಾಣುತ್ತಾನೆ. ನಡೆದಾಡುತ್ತ ಆಡಬೇಕಾದರೆ ಎರಡು ಮೀಟರು ಉದ್ದ, ಒಂದೂವರೆ ಮೀಟರು ಅಗಲದ ಬರಿಜಾಗ ಬೇಕಂತೆ. ಮುಂಬಯಿಯ ಸರಕಾರಿ ಬಿಡಾರದಲ್ಲಿ ಅಷ್ಟು ಬರಿಜಾಗ ಇದ್ದಿದ್ದರೆ ನಾವು ಅಲ್ಲಿ ಇನ್ನೊಂದು ಮಂಚ ಹಾಕುತ್ತಿದ್ದೆವು! ಕೊನೆಗೆ ತಾಯಿಯವರ ಮಂಚದ ಪಕ್ಕದಲ್ಲಿ ಕುರ್ಚಿ ಹಾಕಿ, ಕುಳಿತು ಆಡುವ ಆಟಗಳಿಗೆ ಮಾತ್ರ ಮನೆಯಾಕೆಯ ಅಪ್ಪಣೆಯಾಯಿತು.

ಹನ್ನೆರಡು ವರ್ಷದ ನಮ್ಮ ಚಿರಂಜೀವಿ ವಾರ್ಷಿಕ ಪರೀಕ್ಷೆಯಲ್ಲಿ ಚೆನ್ನಾಗಿ ಮಾಡಿದ್ದ. ಅವನ ಅಜ್ಜಿ ತಮ್ಮ ಕುಟುಂಬ ಪಿಂಚಣಿಯಿಂದ 1,300 ರೂಪಾಯಿ ತೆಗೆದು ಮೊಮ್ಮಗನ ಕೈಗಿಟ್ಟರು. ಆ ಪಿಂಚಣಿ ನಮ್ಮ ತಂದೆಯವರು ಧಾರವಾಡದಲ್ಲಿ ಮೂವತ್ತು ವರ್ಷ ಮಾಸ್ತರಿಕೆ ಮಾಡಿ ಬಿಟ್ಟುಹೋದದ್ದು. ತಾಯಿಯವರು ಅದರ ಒಂದೊಂದು ರೂಪಾಯಿಯನ್ನೂ ಅವರನ್ನು ಕೇಳಿದಂತೆ ಮಾಡಿಯೇ ಖರ್ಚು ಮಾಡುತ್ತಾರೆ. ಹುಡುಗ ಆ ಹಣವನ್ನು ನಮಗೆ ಕೊಟ್ಟ. ನಾವು ನಮ್ಮ ಫೋನಿನಿಂದ ಯುಪಿಐ ಮೂಲಕ 1,299 ರೂಪಾಯಿ ಕಟ್ಟಿದೆವು. ಸಣ್ಣ ವಿಮಾನವನ್ನು ಗುಡ್ಡಗಳ ನಡುವೆ ನಡೆಸುವ ಆಟ ಕಂಪ್ಯೂಟರಿಗೆ ಇಳಿಯಿತು.

ಒಂಬತ್ತು ದಿನ ನಮಗೆ ಏನೂ ತಿಳಿಯಲಿಲ್ಲ. ಹತ್ತನೆಯ ದಿನ ತಾಯಿಯವರೇ ಕೇಳಿದರು:

“ಯಾಕೋ, ವಿಮಾನ ಹಾರಸೂದು ಬಿಟ್ಟಿ? ಮಾರಿ ಯಾಕ ಸಣ್ಣದಾಗೇದ?”

ಹುಡುಗ ಅತ್ತುಬಿಟ್ಟ. ವಿಮಾನ ಓಲಾಡಿದೊಡನೆ ಅವನಿಗೆ ತಲೆ ತಿರುಗಿ ಹೊಟ್ಟೆ ತೊಳಸುತ್ತಿತ್ತು. ಮೊದಲನೆಯ ದಿನ ವಾಂತಿಯೇ ಆಗಿತ್ತು. ಆಮೇಲೆ ಎರಡು ಸಲ ಹಲ್ಲು ಕಚ್ಚಿ ಕುಳಿತು ನೋಡಿದ, ಆಗಲಿಲ್ಲ. ಅಜ್ಜಿಯ ಹಣ ನೀರಿನಲ್ಲಿ ಹೋಮವಾಯಿತಲ್ಲ ಎಂದು ಯಾರಿಗೂ ಹೇಳದೆ ನುಂಗಿಕೊಂಡಿದ್ದ.

ಇದು ಹುಡುಗನ ಹೆದರಿಕೆಯಲ್ಲ, ಶರೀರದ ಧರ್ಮ. ನಮ್ಮ ಒಳಗಿವಿಯಲ್ಲಿ ಸಮತೋಲವನ್ನು ಅರಿಯುವ ಅಂಗವಿದೆ. ಘಟ್ಟದ ಬಸ್ಸಿನಲ್ಲಿ ಪುಸ್ತಕ ಓದಿದರೆ ಕಿವಿ ‘ಚಲಿಸುತ್ತಿದ್ದೇವೆ’ ಎನ್ನುತ್ತದೆ, ಕಣ್ಣು ‘ಇಲ್ಲ’ ಎನ್ನುತ್ತದೆ. ಈ ಜಗಳದಿಂದಲೇ ಓಕರಿಕೆ. ಹೆಡ್‌ಸೆಟ್ಟಿನಲ್ಲಿ ಜಗಳ ತಿರುಗುಮುರುಗು: ಕಣ್ಣು ವಿಮಾನದಲ್ಲಿರುತ್ತದೆ, ಕಿವಿ ಕುರ್ಚಿಯಲ್ಲಿರುತ್ತದೆ. ಕೆಲವರಿಗೆ ದಿನ ಕಳೆದಂತೆ ಒಗ್ಗುತ್ತದೆ, ಕೆಲವರಿಗೆ ಒಗ್ಗುವುದಿಲ್ಲ. ಒಗ್ಗುವುದೋ ಇಲ್ಲವೋ ಎಂಬುದು ಹಾಕಿಕೊಂಡು ನೋಡದೆ ತಿಳಿಯುವುದಿಲ್ಲ; ನೋಡಬೇಕಾದರೆ ಮೊದಲು ಹಣ ಕಟ್ಟಬೇಕು. ಇಂಥ ಆಟಗಳ ವ್ಯಾಪಾರದಲ್ಲಿ ಇರುವ ತೊಡಕೇ ಇದು.

ಈ ತೊಡಕಿಗೆ ಅಂಗಡಿಗಳು ಒಂದು ದಾರಿ ಮಾಡಿವೆ. ಕಂಪ್ಯೂಟರ್ ಆಟಗಳ ದೊಡ್ಡ ಅಂಗಡಿಯಾದ ಸ್ಟೀಮ್ 2015ರ ಜೂನ್‌ನಲ್ಲಿ ಜಾರಿಗೆ ತಂದ ನಿಯಮದಂತೆ, ಕೊಂಡ 14 ದಿನಗಳೊಳಗೆ, ಆಡಿದ ಕಾಲ 2 ಗಂಟೆಗಿಂತ ಕಡಿಮೆಯಿದ್ದರೆ, ಕಾರಣ ಏನೇ ಇರಲಿ ಹಣ ಹಿಂತಿರುಗಿಸುತ್ತಾರೆ. ಗಡಿ ದಾಟಿದವರೂ ಅರ್ಜಿ ಹಾಕಬಹುದು, ಪರಿಶೀಲಿಸುತ್ತೇವೆ ಎಂಬ ಮಾತೂ ಅಲ್ಲಿದೆ. ಕ್ವೆಸ್ಟ್ ಎಂಬ ಹೆಡ್‌ಸೆಟ್ಟಿನ ಮೆಟಾ ಅಂಗಡಿಯಲ್ಲಿಯೂ 14 ದಿನ, 2 ಗಂಟೆಗಳದೇ ಲೆಕ್ಕ. ಪ್ಲೇಸ್ಟೇಷನ್ನಿನವರದು ಇನ್ನೂ ಬಿಗಿ: 14 ದಿನಗಳ ಅವಕಾಶ ಇದೆಯಾದರೂ, ಆಟವನ್ನು ಇಳಿಸಿಕೊಳ್ಳಲು ತೊಡಗಿದಿರೋ, ದೋಷವಿದ್ದ ಹೊರತು ಆ ಅವಕಾಶ ಮುಗಿಯಿತು. ಇದು ಬರಿಯ ಔದಾರ್ಯದಿಂದ ಬಂದದ್ದೂ ಅಲ್ಲ. ಹಣ ವಾಪಸು ಕೇಳುವ ಹಕ್ಕೇ ಇಲ್ಲವೆಂಬಂತೆ ಗಿರಾಕಿಗಳಿಗೆ ಹೇಳಿದ್ದಕ್ಕಾಗಿ ಆಸ್ಟ್ರೇಲಿಯಾದ ಗ್ರಾಹಕ ಆಯೋಗ ಸ್ಟೀಮ್‌ನ ಒಡೆಯರಾದ ವಾಲ್ವ್ ಕಂಪನಿಯ ಮೇಲೆ 2014ರಲ್ಲಿ ದಾವೆ ಹೂಡಿತು. 2016ರಲ್ಲಿ ಅಲ್ಲಿನ ನ್ಯಾಯಾಲಯ 30 ಲಕ್ಷ ಆಸ್ಟ್ರೇಲಿಯನ್ ಡಾಲರು ದಂಡ ವಿಧಿಸಿತು.

ನಾವು ವ್ಯವಹರಿಸಿದ ಅಂಗಡಿಯ ಹೆಸರು ಬೇಡ. ಅಲ್ಲಿಯೂ ನಿಯಮ ಇದೇ ತೆರನಾಗಿತ್ತು. ಹತ್ತನೆಯ ದಿನ ರಾತ್ರಿಯೇ ಅವಸರದಲ್ಲಿ ಅರ್ಜಿ ಹಾಕಿದೆವು. ಅರ್ಧ ಗಂಟೆಯೊಳಗೆ ಉತ್ತರ ಬಂತು: ಆಟದ ಕಾಲ 2 ಗಂಟೆ 26 ನಿಮಿಷ, ಆದ್ದರಿಂದ ಅರ್ಜಿ ತಿರಸ್ಕೃತ.

ಆ ವಾಕ್ಯವನ್ನು ನೋಡಿ ನಮಗೆ ಕೋಪಕ್ಕಿಂತ ಮೊದಲು ನಾಚಿಕೆಯಾಯಿತು. ‘ನಿಗದಿತ ಅವಧಿ ಮೀರಿದ್ದರಿಂದ ಪರಿಶೀಲಿಸಲು ಬರುವುದಿಲ್ಲ’ ಎಂಬ ಷರಾವನ್ನು ಕಚೇರಿಯಲ್ಲಿ ನಮ್ಮ ಕೈಯಾರೆ ಎಷ್ಟು ಕಾಗದಗಳ ಮೇಲೆ ಬರೆದಿದ್ದೇವೋ, ಲೆಕ್ಕವಿಲ್ಲ. ಆ ಷರಾ ಓದುವವನ ಕಡೆಯಿಂದ ಹೇಗೆ ಕಾಣುತ್ತದೆಂಬುದು ಅಂದೇ ಗೊತ್ತಾದದ್ದು.

ಮರುದಿನ ಕಚೇರಿಯಲ್ಲಿ ಸಲಹೆಗಳ ಸುರಿಮಳೆ. ಮಿತ್ರರೊಬ್ಬರು, “ಅರ್ಜಿ ಗಿರ್ಜಿ ಬಿಡಿ, ಗ್ರಾಹಕ ಸೇವೆಯ ನಂಬರು ಹುಡುಕಿ ಫೋನು ಮಾಡಿ,” ಎಂದರು. ಹುಡುಕಿದೊಡನೆ ಅಂಗಡಿಯ ಹೆಸರಿನಲ್ಲಿಯೇ ಒಂದು ನಂಬರು ಸಿಕ್ಕಿತು. ಮಾತನಾಡಿದಾತ ಬಲು ವಿನಯಶೀಲ. “ಹಣ ಈಗಲೇ ಕಳಿಸುತ್ತೇನೆ ಸಾಹೇಬರೇ, ಫೋನಿಗೆ ಬಂದ ಕೋರಿಕೆಯನ್ನು ಒತ್ತಿ ನಿಮ್ಮ ಯುಪಿಐ ಪಿನ್ ಹಾಕಿ,” ಎಂದ. ಬೆರಳು ಇನ್ನೇನು ಒತ್ತಬೇಕು, ಪಕ್ಕದ ಮೇಜಿನವರು ಕೈ ಹಿಡಿದರು. ಬಂಧುಗಳೇ, ಇದೊಂದನ್ನು ಮನೆಮಂದಿಗೆಲ್ಲ ಹೇಳಿಡಿ: ಪಿನ್ ಬೇಕಾಗುವುದು ಹಣ ಕೊಡುವುದಕ್ಕೆ, ಬರುವ ಹಣಕ್ಕೆ ಪಿನ್ ಬೇಕಿಲ್ಲ. ಹೀಗೆ ಮೋಸಹೋದವರು ತಡಮಾಡದೆ 1930ಕ್ಕೆ ಫೋನು ಮಾಡಬೇಕು. 1,299 ರೂಪಾಯಿಯ ಬೆನ್ನು ಹತ್ತಿ ಒಂದು ತಿಂಗಳ ಸಂಬಳವನ್ನೇ ಕಳೆದುಕೊಳ್ಳುವವರಿದ್ದೆವು.

ಇನ್ನೊಬ್ಬರು, ಗ್ರಾಹಕ ನ್ಯಾಯಾಲಯದ ಹೆಸರು ಹೇಳಿ ಹೆದರಿಸಿ ಎಂದರು. ಕಾನೂನನ್ನೂ ತೆಗೆದು ನೋಡಿದೆವು. 2019ರ ಗ್ರಾಹಕ ಸಂರಕ್ಷಣಾ ಕಾಯಿದೆ 2020ರ ಜುಲೈಯಲ್ಲಿ ಜಾರಿಗೆ ಬಂತು. ದೋಷವುಳ್ಳ ಮಾಲನ್ನು ವಾಪಸು ಪಡೆದು, ರಸೀತಿಯಲ್ಲಿ ಹೇಳಿದ ಅವಧಿಯೊಳಗೆ, ಹೇಳಿಲ್ಲದಿದ್ದರೆ 30 ದಿನಗಳೊಳಗೆ, ಹಣ ಕೊಡದಿರುವುದು ಅದರ ಪ್ರಕಾರ ಅನುಚಿತ ವ್ಯಾಪಾರ. ಅದೇ ವರ್ಷದ ಇ-ವಾಣಿಜ್ಯ ನಿಯಮಗಳಂತೆ ಇಂಥ ಅಂಗಡಿಗಳಿಗೆ ಕುಂದುಕೊರತೆಯ ಅಧಿಕಾರಿಯೊಬ್ಬನಿರಬೇಕು. ದೂರು ತಲುಪಿತೆಂದು ಆತ 48 ಗಂಟೆಗಳೊಳಗೆ ತಿಳಿಸಬೇಕು, ಒಂದು ತಿಂಗಳೊಳಗೆ ಪರಿಹರಿಸಬೇಕು. ಅಂಗಡಿ ಪರದೇಶದ್ದಾದರೂ ಇಲ್ಲಿಯ ಜನಕ್ಕೆ ಕ್ರಮವಾಗಿ ಮಾರುತ್ತಿದ್ದರೆ ನಿಯಮ ತಪ್ಪಿದ್ದಲ್ಲ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿಯ ಸಂಖ್ಯೆ 1915.

ಆದರೆ ಓದುತ್ತ ಹೋದಂತೆ ಒಂದು ಸಂಗತಿ ಸ್ಪಷ್ಟವಾಯಿತು. ನಮ್ಮ ಆಟದಲ್ಲಿ ದೋಷವಿರಲಿಲ್ಲ. ವಿಮಾನ ಸರಿಯಾಗಿಯೇ ಹಾರುತ್ತಿತ್ತು; ಒಗ್ಗದೆ ಇದ್ದದ್ದು ನಮ್ಮ ಹುಡುಗನ ಹೊಟ್ಟೆಗೆ. ಹುಳು ಬಿದ್ದ ಬೇಳೆ ಬೇರೆ, ಒಳ್ಳೆಯ ಬೇಳೆ ಅಜೀರ್ಣವಾದದ್ದು ಬೇರೆ. ಮೊದಲನೆಯದಕ್ಕೆ ಕಾನೂನಿದೆ, ಎರಡನೆಯದಕ್ಕೆ ಅಂಗಡಿಯವನ ನಿಯಮ ಮಾತ್ರ. ಇಲ್ಲದ ದೋಷವನ್ನು ಹೊರಿಸಿ ಹೆದರಿಸುವುದು ನ್ಯಾಯವಲ್ಲ.

ಆ ರಾತ್ರಿ ಎರಡನೆಯ ಅರ್ಜಿಗೆ ಕುಳಿತೆವು. ಹುಡುಗ ಮೆಲ್ಲಗೆ ಬಂದು, “ಅಪ್ಪಾ, ಆಟ ಸುರುನ ಆಗ್ಲಿಲ್ಲ, ಕೆಟ್ಟೇದ ಅಂತ ಬರದ್ರಾತು. ನಮ್ಮ ಕ್ಲಾಸಿನಾಂವ ಹಂಗ ಬರದು ರೊಕ್ಕ ತೊಗೊಂಡಾನ,” ಎಂದ.

ನಾವು ಬೇಡವೆಂದು ತಟ್ಟನೆ ಹೇಳಬೇಕಿತ್ತು. ಹೇಳಲಿಲ್ಲ, ಒಂದು ಗಳಿಗೆ ಯೋಚಿಸಿದೆವು. ಹುಡುಗ ನಮ್ಮ ಮುಖವನ್ನೇ ನೋಡುತ್ತಿದ್ದ. ಮಂಚದ ಮೇಲಿಂದ ತಾಯಿಯವರು ಅಂದರು:

“ಖರೇ ಏನದನೋ ಅದನ್ನ ಬರಿ. ಸುಳ್ಳು ಬರದು ಬಂದ್ರ ಅದು ನನ್ನ ರೊಕ್ಕ ಅಲ್ಲ.”

ಆಮೇಲೆ ಕೆಲಸ ಸುಲಭವಾಯಿತು. ಕಚೇರಿಯ ಪದ್ಧತಿಯಂತೆ ಸಂಗತಿಗಳನ್ನು ಕೂಡಿಸಿದೆವು. ಹುಡುಗ ಕಣ್ಣಿಗೆ ಕಟ್ಟಿಕೊಂಡದ್ದು ಮೊದಲ ದಿನ ಸುಮಾರು 20 ನಿಮಿಷ, ಮುಂದೆ 15, ಆಮೇಲೆ 10; ಒಟ್ಟು ಮುಕ್ಕಾಲು ಗಂಟೆ. ಹಾಗಾದರೆ 2 ಗಂಟೆ 26 ನಿಮಿಷ ಎಲ್ಲಿಂದ ಬಂತು? ಗುಟ್ಟು ತಿಳಿದದ್ದು ತಾಯಿಯವರಿಂದಲೇ. ಮೊದಲ ದಿನ ದೇವರಿಗೆ ದೀಪ ಹಚ್ಚುವ ಹೊತ್ತಿಗೆ ವಾಂತಿ ಮಾಡಿಕೊಂಡ ಹುಡುಗ ಅವರ ಮಂಚದ ಮೇಲೆಯೇ ಮಲಗಿದ್ದ. ಊಟಕ್ಕೆಂದು ಎಬ್ಬಿಸಿದ್ದು ಎಂಟು ಗಂಟೆ ದಾಟಿದ ಮೇಲೆ. ಅಷ್ಟು ಹೊತ್ತೂ ಹೆಡ್‌ಸೆಟ್ಟು ಹಾಸಿಗೆಯ ಮೇಲೆ ಬಿದ್ದಿತ್ತು. ಕಂಪ್ಯೂಟರಿನಲ್ಲಿ ಆಟ ತೆರೆದೇ ಇತ್ತು. ಅಂಗಡಿಯ ಗಡಿಯಾರಕ್ಕೆ ತೆರೆದಿದ್ದರೆ ಆಡಿದಂತೆ. ಆಟಗಾರ ಅಜ್ಜಿಯ ಮಗ್ಗುಲಲ್ಲಿ ಮಲಗಿದ್ದಾನೆಂದು ಅದಕ್ಕೇನು ಗೊತ್ತು? ಹೀಗೆ ಕೂಡಿದ್ದು 1 ಗಂಟೆ 41 ನಿಮಿಷ.

ಇದಿಷ್ಟನ್ನೂ ಹತ್ತು ಸಾಲಿನಲ್ಲಿ ಬರೆದೆವು: ಕೊಂಡ ತಾರೀಖು, ರಸೀತಿಯ ಸಂಖ್ಯೆ, ಮೊತ್ತ, ಮೂರು ಸಲದ ಹೊತ್ತು, ಹುಡುಗನ ವಯಸ್ಸು, ಆದದ್ದು. ಆಟದಲ್ಲಿ ದೋಷವಿಲ್ಲವೆಂದೂ, ಅವಧಿ ಮೀರಿರುವುದು ನಮಗೆ ಗೊತ್ತೆಂದೂ, ವಿಶೇಷವಾಗಿ ಪರಿಶೀಲಿಸಬೇಕೆಂದೂ ಸೇರಿಸಿದೆವು. ಬೆದರಿಕೆಯೂ ಇಲ್ಲ, ಗೋಗರೆತವೂ ಇಲ್ಲ. ಕಳಿಸುವ ಗುಂಡಿಯನ್ನು ಹುಡುಗನಿಂದಲೇ ಒತ್ತಿಸಿದೆವು.

ಎರಡು ದಿನ ಉತ್ತರವಿಲ್ಲ. ಮೂರನೆಯ ದಿನ, ಅಂದರೆ ಕೊಂಡ ಹದಿನಾಲ್ಕನೆಯ ದಿನ, ಅರ್ಜಿ ಮಂಜೂರಾದ ಸುದ್ದಿ ಬಂತು. ಆಟ ನಮ್ಮ ಲೆಕ್ಕದಿಂದ ಮಾಯವಾಯಿತು. ವಾರದೊಳಗೆ 1,299 ರೂಪಾಯಿ ಹೊರಟುಹೋದ ಖಾತೆಗೇ ಬಂದು ಬಿತ್ತು. ಈ ಸಲ ಓದಿದ್ದು ಮನುಷ್ಯನೋ ಯಂತ್ರವೋ, ಬಲ್ಲವರಿಲ್ಲ. ಓದಿದವರಿಗೆ ನಮಸ್ಕಾರ.

ಕೆಟ್ಟ ಮೇಲೆ ಬಂದ ಬುದ್ಧಿಯನ್ನು ಬಂಧುಗಳಿಗಾಗಿ ಹೀಗೆ ಕಟ್ಟಿಡುತ್ತೇವೆ. ಇಂಥ ಆಟ ಕೊಳ್ಳುವ ಮೊದಲು ಅದು ಕುಳಿತು ಆಡುವಂಥದೋ ನಿಂತು ಆಡುವಂಥದೋ ನೋಡಿಕೊಳ್ಳಿ; ಮೆಟಾ ಅಂಗಡಿಯಂಥ ಕಡೆ ಆಟ ದೇಹಕ್ಕೆ ಎಷ್ಟು ಹಿತ, ಎಷ್ಟು ಉಗ್ರ ಎಂದೂ ಬರೆದಿರುತ್ತಾರೆ. ಕೊಂಡ ದಿನವೇ ಹತ್ತು ನಿಮಿಷ ಆಡಿಸಿ, ಮಗುವಿನ ಮುಖ ನೋಡಿ. ಹೆಡ್‌ಸೆಟ್ಟು ತೆಗೆದ ಮಾತ್ರಕ್ಕೆ ಆಟ ಮುಗಿಯಿತೆಂದು ತಿಳಿಯಬೇಡಿ, ಕಂಪ್ಯೂಟರಿನಲ್ಲಿಯೂ ಮುಚ್ಚಿ. ಒಗ್ಗದಿದ್ದರೆ ನಾಳೆ ನೋಡೋಣ ಎನ್ನದೆ ಅಂದೇ ಅರ್ಜಿ ಹಾಕಿ. ಅಂಗಡಿಯ ಸ್ವಂತ ಪುಟದಿಂದಲ್ಲದೆ, ಹುಡುಕಿ ಸಿಕ್ಕ ನಂಬರಿಗೆ ಫೋನು ಮಾಡಬೇಡಿ. ಎಲ್ಲಕ್ಕೂ ಮಿಗಿಲಾಗಿ, ಹಣ ಹಾಳಾಯಿತೆಂದು ಮಗು ಬಂದು ಹೇಳಿಕೊಳ್ಳುವಂತೆ ಮನೆಯನ್ನಿಟ್ಟುಕೊಳ್ಳಿ. ನಮ್ಮ ಮಗ ಒಂಬತ್ತು ದಿನ ಬಾಯಿ ಬಿಡದೆ ಇದ್ದದ್ದು ನಮಗೆ ಹಣಕ್ಕಿಂತ ಹೆಚ್ಚು ಚುಚ್ಚಿತು.

ಮರುವಾರ ಕಚೇರಿಯಲ್ಲಿ ಅವಧಿ ಮೀರಿದ ಕಾಗದವೊಂದು ನಮ್ಮ ಮೇಜಿಗೆ ಬಂತು. ಷರಾ ಬರೆಯಲು ಲೇಖನಿ ಎತ್ತಿದವರು ಕೆಳಗಿಟ್ಟು, ಎರಡನೆಯ ಪುಟವನ್ನೂ ಓದಿದೆವು. ತಡವಾದದ್ದಕ್ಕೆ ಕಾರಣ ಅಲ್ಲಿತ್ತು. ಮೇಲಧಿಕಾರಿಗಳ ಅವಗಾಹನೆಗೆ ಎಂದು ಬರೆದು ಮುಂದೆ ಕಳಿಸಿದೆವು.

ಮನೆಯಲ್ಲಿ ಹುಡುಗ 1,299 ರೂಪಾಯಿಗೆ ತನ್ನದೊಂದು ರೂಪಾಯಿ ಸೇರಿಸಿ, ಅಜ್ಜಿಯ ಮುಂದೆ ಹಿಡಿದು ನಿಂತ. ಅವರು ಕನ್ನಡಕ ಏರಿಸಿ ನೋಟುಗಳನ್ನು ಒಂದೊಂದಾಗಿ ಎಣಿಸಿದರು, ಸರಿಯಿದೆಯೆಂದು ತಲೆದೂಗಿದರು, ಹಾಗೆಯೇ ಮಡಚಿ ಮೊಮ್ಮಗನ ಕಿಸೆಗೆ ತುರುಕಿದರು.

“ಮಾಟುಂಗಾದ ಅಂಗಡ್ಯಾಗ ಬೋರ್ಡ್ ನೋಡಿಲ್ಲೇನೋ? ಕೊಟ್ಟ ಮಾಲು ನಾವೂ ವಾಪಸ್ ತೊಗೊಳ್ಳೂದಿಲ್ಲ!”