ಅಣ್ಣ ಬಿಟ್ಟುಹೋದ ಬೀಗ

ನಮ್ಮ ಮನೆಯ ಹಳೆಯ ಕಂಪ್ಯೂಟರ್ ಆನ್ ಆಗಲು ಆರು ನಿಮಿಷ ಬೇಕು. ಅಷ್ಟರಲ್ಲಿ ಅಮ್ಮ ಎರಡು ಸಲ ಬಂದು ‘ಪರೀಕ್ಷೆ ಯಾವಾಗ?’ ಎಂದು ಕೇಳಿ ಹೋಗುತ್ತಾಳೆ. ಕಳೆದ ಸೆಮಿಸ್ಟರಿನ ಸ್ಟಡಿ ಹಾಲಿಡೇಸ್‌ಗೆ ಹಾಸ್ಟೆಲಿನಿಂದ ಊರಿಗೆ ಬಂದವನು ವೈಬ್ರೇಶನ್ಸ್ ನೋಟ್ಸ್ ಹುಡುಕುತ್ತೇನೆ ಎಂದು ಅದನ್ನು ತೆರೆದೆ. ತೆರೆದದ್ದು ಮಾತ್ರ ‘ಸ್ಕೈರಿಮ್’.

ಈ ಗೇಮ್ ಬಂದಿದ್ದು 2011ರ ನವೆಂಬರ್ 11ರಂದು. ಆಗ ನನಗೆ ಆಡುವ ವಯಸ್ಸಲ್ಲ. ಅಣ್ಣ ಆಡುತ್ತಿದ್ದ, ನಾನು ಪಕ್ಕದ ಸ್ಟೂಲಿನ ಮೇಲೆ ಕೂತು ನೋಡುತ್ತಿದ್ದೆ. ಉತ್ತರದ ಹಿಮನಾಡು, ಮೊಣಕಾಲುದ್ದ ಮಂಜು, ಡ್ರ್ಯಾಗನ್‌ಗಳು. ಹೊರಗೆ ನಮ್ಮೂರಿನ ಏಪ್ರಿಲ್ ಬಿಸಿಲು, ಒಳಗೆ ಸ್ಕ್ರೀನ್ ತುಂಬಾ ಹಿಮಗಾಳಿ. ಅದನ್ನು ನೋಡುತ್ತಾ ನಿಜಕ್ಕೂ ಚಳಿಯಾಗುತ್ತಿತ್ತು ಎಂದರೆ ನೀವು ನಗಬಹುದು.

ಅಣ್ಣನ ಕೊನೆಯ ಸೇವ್ ಫೈಲ್ ಅಲ್ಲೇ ಇತ್ತು. ಅವನು ಬಿಇ ಅರ್ಧಕ್ಕೆ ಬಿಟ್ಟು ಮನೆಯಿಂದ ಹೊರಟ ವಾರದ್ದು. ಅವತ್ತು ಅಪ್ಪ ಹೇಳಬೇಕಾದ್ದೆಲ್ಲ ಹೇಳಿದ್ದರು. ಯಾರೂ ಕೇಳದಿದ್ದರೂ ನಾನೂ ಒಂದು ಮಾತು ಸೇರಿಸಿದ್ದೆ. ‘ನಿನ್ನಿಂದ ನನಗೂ ಸೀಟು ಕೊಡಿಸಲ್ಲ ಇವರು’ ಅಂತ. ಕೊಡಿಸಿದರು. ಅಣ್ಣ ಮಾತ್ರ ಆಮೇಲೆ ನನಗೆ ಫೋನ್ ಮಾಡಲಿಲ್ಲ. ನಾನೂ ಮಾಡಲಿಲ್ಲ.

ಫೈಲ್ ಲೋಡ್ ಮಾಡಿದರೆ ಅವನ ಹೀರೋ ಆರ್ಕ್‌ಂಗ್‌ಥಾಮ್ಜ್ ಎಂಬ ಪಾಳುನಗರದ ಗುಹೆಯಲ್ಲಿ ನಿಂತಿದ್ದ. (ಈ ಹೆಸರನ್ನು ಒಂದೇ ಉಸಿರಿಗೆ ಹೇಳಿದವರಿಗೆ ನನ್ನ ಕಡೆಯಿಂದ ಮಸಾಲೆದೋಸೆ.) ಇದು 2012ರಲ್ಲಿ ಸೇರಿಸಿದ ‘ಡಾನ್‌ಗಾರ್ಡ್’ ಭಾಗದ ಕಥೆ. ಡ್ವೆಮರ್ ಎಂಬ ಪ್ರಾಚೀನ ಜನ ನೆಲದಡಿಯಲ್ಲಿ ನಗರ ಕಟ್ಟಿದ್ದರಂತೆ, ಒಂದು ದಿನ ಇಡೀ ಕುಲವೇ ಒಮ್ಮೆಲೇ ಮಾಯವಾಯಿತಂತೆ. ಅವರ ವಿದ್ಯೆಯ ಬುಡ ನಾದ. ಸರಿಯಾದ ಸ್ವರ ಹಿಡಿದರೆ ಜಗತ್ತನ್ನೇ ಬದಲಿಸಬಹುದು ಎಂಬುದು ಅವರ ಲೆಕ್ಕ. ಅವರು ಅಗೆದು ತೆಗೆದ ಅತಿ ಅಪರೂಪದ ವಸ್ತು ಈಥೀರಿಯಂ ಎಂಬ ನೀಲಿಯಾಗಿ ಹೊಳೆಯುವ ಹರಳು. ಅದರ ಆಸೆಗೆ ನಾಲ್ಕು ನಗರಗಳು ಒಂದಾದವು, ಅದರ ಆಸೆಗೇ ಹೊಡೆದಾಡಿಕೊಂಡವು.

ಆ ಗುಹೆಯ ಕೊನೆಯಲ್ಲಿ ಒಂದು ಬೀಗ. ಅದಕ್ಕೆ ಕೀಲಿಕೈ ಇಲ್ಲ. ಗೋಡೆಯ ಮೇಲೆ ಐದು ಅನುರಣಕಗಳಿವೆ, ಬಾಣ ಹೊಡೆದರೆ ಮೊಳಗುತ್ತವೆ. ಸರಿಯಾದ ಕ್ರಮದಲ್ಲಿ ಹೊಡೆದರೆ ಬಾಗಿಲು ತೆರೆಯುತ್ತದೆ, ತಪ್ಪಿದರೆ ಶತ್ರುಗಳು ನುಗ್ಗುತ್ತಾರೆ. ನಾನು ಎಷ್ಟು ಸಲ ತಪ್ಪಿದೆ ಎಂಬುದನ್ನು ಇಲ್ಲಿ ಬರೆಯುವುದಿಲ್ಲ.

ತಮಾಷೆ ಏನೆಂದರೆ, ಪಕ್ಕದಲ್ಲೇ ತೆರೆದಿಟ್ಟ ಪುಸ್ತಕದಲ್ಲೂ ಇದೇ ಪಾಠ. ಯಾವ ವಸ್ತುವಿಗಾದರೂ ಪೆಟ್ಟು ಕೊಡಿ, ಅದು ತನ್ನದೇ ಸಹಜ ಆವರ್ತನದಲ್ಲಿ ಕಂಪಿಸುತ್ತದೆ. ಹೊರಗಿನ ಕಂಪನ ಅದಕ್ಕೆ ಹೊಂದಿದರೆ ಅನುರಣನ. ಸಪೂರ ಕಂಬವೊಂದು ಬಾಗಿ ಕಂಪಿಸುವಾಗ, ದಪ್ಪ ಅಷ್ಟೇ ಇದ್ದು ಉದ್ದ ಅರ್ಧವಾದರೆ ಆವರ್ತನ ನಾಲ್ಕು ಪಟ್ಟು. ಹಂಪಿಯ ವಿಠ್ಠಲ ದೇವಸ್ಥಾನದ ಕಲ್ಲುಕಂಬಗಳು ಹಾಡುವ ಗುಟ್ಟೂ ಹೆಚ್ಚುಕಡಿಮೆ ಇಲ್ಲೇ ಇದೆ. ಹೈಸ್ಕೂಲ್ ಟ್ರಿಪ್ಪಿನಲ್ಲಿ ಅದನ್ನು ತಟ್ಟಲು ಹೋಗಿ ಕಾವಲುಗಾರರಿಂದ ಬೈಸಿಕೊಂಡವನು ಅಣ್ಣ. ಹರಳು ಮಿಡಿಯುವುದೂ ಕಟ್ಟುಕಥೆಯಲ್ಲ. ನಿಮ್ಮ ಕೈಗಡಿಯಾರದ ಕ್ವಾರ್ಟ್ಜ್ ಹರಳು ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಅದನ್ನು 15 ಸಲ ಅರ್ಧ ಮಾಡುತ್ತಾ ಬನ್ನಿ, ಸರಿಯಾಗಿ ಒಂದು ಉಳಿಯುತ್ತದೆ. ಅದೇ ಒಂದು ಸೆಕೆಂಡು.

ಹಿಮವೂ ಹಾಡುತ್ತದೆ. ಅಂಟಾರ್ಕ್ಟಿಕಾದ ರಾಸ್ ಹಿಮಹಾಸಿನ ಮೇಲೆ ವಿಜ್ಞಾನಿಗಳು 34 ಕಂಪನಮಾಪಕಗಳನ್ನು ಹೂತಿಟ್ಟಿದ್ದರು. ಗಾಳಿ ಮಂಜಿನ ದಿಬ್ಬಗಳ ಮೇಲೆ ಬೀಸಿದಾಗ ಇಡೀ ಮೇಲ್ಪದರ ಸದಾ ಗುನುಗುತ್ತಿರುವುದು ಗೊತ್ತಾಯಿತು. ನಮ್ಮ ಕಿವಿಗೆ ಸಿಗದಷ್ಟು ತಗ್ಗಿನ ಸ್ವರ ಅದು. ರೆಕಾರ್ಡಿಂಗನ್ನು ತುಂಬಾ ವೇಗವಾಗಿ ಓಡಿಸಿದರಷ್ಟೇ ಕೇಳುತ್ತದೆ. ಮೇಲಿನ ಹಿಮ ಕರಗತೊಡಗಿದಾಗ ಸ್ವರವೂ ಬದಲಾಗಿತ್ತು ಎಂದು 2018ರಲ್ಲಿ ಪ್ರಕಟಿಸಿದರು. ಇಯರ್‌ಫೋನ್ ಹಾಕಿಕೊಂಡು ಕೇಳಿ, ಡ್ವೆಮರ್ ಗುಹೆಯಲ್ಲಿ ಕೂತಂತೆಯೇ ಆಗುತ್ತದೆ.

ಆ ಪಾಳುನಗರದಲ್ಲಿ ಕಾಟ್ರಿಯಾ ಎಂಬ ಹೆಂಗಸಿನ ದೆವ್ವ ಜೊತೆಗಿರುತ್ತಾಳೆ. ಈಥೀರಿಯಂ ಹುಡುಕುತ್ತಲೇ ಅಲ್ಲಿ ಬಿದ್ದು ಸತ್ತವಳು. ಅವಳ ಸಂಶೋಧನೆಯನ್ನು ಶಿಷ್ಯನೇ ಕದ್ದು ತನ್ನ ಹೆಸರಲ್ಲಿ ಪುಸ್ತಕ ಮಾಡಿಕೊಂಡಿದ್ದಾನೆ. ಸತ್ತ ಮೇಲೂ ಕೆಲಸ ಮುಗಿಸದೆ ಹೋಗಲಾರೆ ಎಂದು ಕಾಯುತ್ತಿದ್ದಾಳೆ. ರಾತ್ರಿ ಒಂದೂವರೆಗೆ ಅವಳನ್ನು ನೋಡುತ್ತಾ ಕೂತಾಗ ನನಗೆ ಕಸಿವಿಸಿಯಾಯಿತು. ಇಂಟರ್ನೆಟ್ಟಿನಲ್ಲಿ ಹುಡುಕಿದ್ದರೆ ಬೀಗದ ಕ್ರಮ ಅರ್ಧ ನಿಮಿಷದಲ್ಲಿ ಸಿಗುತ್ತಿತ್ತು. ಹುಡುಕಲಿಲ್ಲ.

ಮರುದಿನ ಬೆಳಿಗ್ಗೆ ಅಣ್ಣನಿಗೆ ಫೋನ್ ಮಾಡಿದೆ. ಮೂರನೇ ರಿಂಗಿಗೆ ಎತ್ತಿಕೊಂಡ. ‘ಸಾರಿ’ ಎಂದು ಶುರು ಮಾಡಬೇಕು ಅಂದುಕೊಂಡಿದ್ದೆ, ಬಾಯಿಗೆ ಬಂದದ್ದು ‘ಆ ಐದರ ಕ್ರಮ ಏನು?’ ಅಂತ.

ಸ್ವಲ್ಪ ಹೊತ್ತು ಸದ್ದಿಲ್ಲ. ಆಮೇಲೆ, ‘ಆ ಸೇವ್ ಇನ್ನೂ ಇದೆಯೇನೋ?’ ಎಂದ. ‘ಕೆಳಗಿನಿಂದ ಶುರು ಮಾಡು. ನಾನೂ ಆವತ್ತು ಅಲ್ಲೇ ಸಿಕ್ಕಿಹಾಕಿಕೊಂಡಿದ್ದೆ. ಆಮೇಲೆ ಫ್ರೆಂಡ್ ರೂಮಿನಲ್ಲಿ ಮೊದಲಿಂದ ಆಡಿ ಮುಗಿಸಿದೆ.’

ಪೂರ್ತಿ ಕ್ರಮವನ್ನು ಇಲ್ಲಿ ಬರೆಯುತ್ತಿಲ್ಲ, ಆಡುವವರ ಮಜಾ ಕೆಡುತ್ತದೆ. ಬಾಗಿಲು ತೆರೆಯಿತು. ‘ಸಾರಿ’ಯನ್ನೂ ಹೇಳಿದೆ, ಅವನು ‘ಓದ್ಕೋ ಹೋಗು’ ಎಂದ. ಅಡುಗೆಮನೆಯಿಂದ ಅಮ್ಮ ‘ಯಾರೋ ಅದು?’ ಎಂದಾಗ ಫೋನನ್ನು ಅವಳ ಕೈಗೆ ಕೊಟ್ಟೆ. ಅಪ್ಪ ಪೇಪರಿನಿಂದ ತಲೆ ಎತ್ತಲಿಲ್ಲ, ಆದರೆ ಪುಟವನ್ನೂ ತಿರುವಲಿಲ್ಲ.

ವೈಬ್ರೇಶನ್ಸ್ ರಿಸಲ್ಟ್ ಇನ್ನೂ ಬಂದಿಲ್ಲ. ಗೇಮಿನಲ್ಲಿ ಹರಳಿನ ನಾಲ್ಕೂ ಚೂರು ಸೇರಿಸಿ ಕುಲುಮೆ ತಲುಪಿದ್ದೇನೆ. ಅಲ್ಲಿ ಕಿರೀಟ, ಗುರಾಣಿ, ದಂಡ ಈ ಮೂರರಲ್ಲಿ ಒಂದನ್ನು ಮಾತ್ರ ಮಾಡಬಹುದು. ಭಾನುವಾರ ಅಣ್ಣನನ್ನೇ ಕೇಳಬೇಕು.