ಇಮೇಲ್ ತಂತ್ರಾಂಶ ಕೇಳದೆಯೇ ಬದಲಾಯಿತೇ? ಹಳೆಯದಕ್ಕೆ ಮರಳುವ ಮುನ್ನ ಇದನ್ನು ಓದಿ

ಬೆಳಗ್ಗೆ ಕಂಪ್ಯೂಟರ್ ತೆರೆದು ಇಮೇಲ್ ನೋಡಲು ಹೋಗುತ್ತೇವೆ. ನಿನ್ನೆ ರಾತ್ರಿ ಇದ್ದ ಪರದೆ ಇಂದು ಇಲ್ಲ! ಗುಂಡಿಗಳು ಜಾಗ ಬದಲಿಸಿವೆ, ಒಂದೊಂದೇ ಸಾಲಿನಲ್ಲಿದ್ದ ಪತ್ರಗಳ ಪಟ್ಟಿ ದಪ್ಪ ದಪ್ಪ ಕಾರ್ಡುಗಳಾಗಿದೆ, ವರ್ಷಗಳಿಂದ ನೆಚ್ಚಿಕೊಂಡಿದ್ದ ಆಡ್-ಆನ್ ಕೆಲಸ ನಿಲ್ಲಿಸಿದೆ. ನಾವಂತೂ ಇದನ್ನು ಕೇಳಿರಲಿಲ್ಲ. ಇಂತಹ ಸಂದರ್ಭದಲ್ಲಿ ಬಹಳಷ್ಟು ಜನ ಮಾಡುವ ಮೊದಲ ಕೆಲಸ ಹೊಸ ಆವೃತ್ತಿಯನ್ನು ತೆಗೆದುಹಾಕಿ ಹಳೆಯದನ್ನು ಮತ್ತೆ ಹಾಕುವುದು. ನಿಜವಾದ ಅಪಾಯ ಇರುವುದು ಅಲ್ಲೇ.

ಉದಾಹರಣೆಗೆ ಥಂಡರ್‌ಬರ್ಡ್ ಅನ್ನೇ ತೆಗೆದುಕೊಳ್ಳೋಣ. 2004ರ ಡಿಸೆಂಬರ್‌ನಲ್ಲಿ ಇದರ ಮೊದಲ ಪೂರ್ಣ ಆವೃತ್ತಿ ಬಂತು. ಉಚಿತ ಹಾಗೂ ಮುಕ್ತ ತಂತ್ರಾಂಶವಾದ ಇದನ್ನು ಇಂದಿಗೂ ಮನೆ, ಅಂಗಡಿ, ಕಚೇರಿಗಳಲ್ಲಿ ಬಳಸುವವರಿದ್ದಾರೆ. ಇದರಲ್ಲಿ ದೊಡ್ಡ ಬದಲಾವಣೆಗಳೂ ಆಗಿವೆ. 2020ರ 78ನೇ ಆವೃತ್ತಿಯಲ್ಲಿ ಹಳೆಯ ಬಗೆಯ ಆಡ್-ಆನ್‌ಗಳಿಗೆ ಬೆಂಬಲ ನಿಂತಿತು. 2023ರ ಜುಲೈನಲ್ಲಿ 'ಸೂಪರ್‌ನೋವಾ' ಹೆಸರಿನ 115ನೇ ಆವೃತ್ತಿ ಇಡೀ ಪರದೆಯ ವಿನ್ಯಾಸವನ್ನೇ ಬದಲಿಸಿತು.

ತಂತ್ರಾಂಶ ಬೇರೆ, ಪತ್ರಗಳು ಬೇರೆ

ಇಮೇಲ್ ತಂತ್ರಾಂಶವನ್ನು ಒಂದು ಬೀರು ಎಂದುಕೊಳ್ಳಿ. ಬೀರು ಬದಲಾದರೂ ಒಳಗಿನ ಕಾಗದಪತ್ರಗಳು ಅವೇ. ಥಂಡರ್‌ಬರ್ಡ್‌ನಲ್ಲಿ ನಮ್ಮ ಪತ್ರಗಳು, ವಿಳಾಸಗಳು, ಖಾತೆಯ ವಿವರ, ಪಾಸ್‌ವರ್ಡ್ ಎಲ್ಲವೂ 'ಪ್ರೊಫೈಲ್' ಎಂಬ ಪ್ರತ್ಯೇಕ ಫೋಲ್ಡರ್‌ನಲ್ಲಿರುತ್ತವೆ. ತಂತ್ರಾಂಶವನ್ನು ತೆಗೆದುಹಾಕಿದರೂ ಸಾಮಾನ್ಯವಾಗಿ ಈ ಫೋಲ್ಡರ್ ಹಾಗೆಯೇ ಉಳಿಯುತ್ತದೆ.

ಹಾಗಿದ್ದರೆ ತೊಂದರೆ ಏನು? ಹೊಸ ಆವೃತ್ತಿ ಮೊದಲ ಬಾರಿ ಓಡಿದಾಗ ಪ್ರೊಫೈಲ್‌ನೊಳಗಿನ ಕೆಲವು ಕಡತಗಳನ್ನು ತನಗೆ ಬೇಕಾದ ರೂಪಕ್ಕೆ ಮಾರ್ಪಡಿಸಬಹುದು. ಹೊಸದಕ್ಕೆ ಹಳೆಯ ರೂಪ ಅರ್ಥವಾಗುತ್ತದೆ, ಆದರೆ ಹಳೆಯದಕ್ಕೆ ಹೊಸ ರೂಪ ಅರ್ಥವಾಗಬೇಕೆಂದಿಲ್ಲ. ಆದ್ದರಿಂದಲೇ ಹೊಸ ಆವೃತ್ತಿ ಬಳಸಿದ ಪ್ರೊಫೈಲ್ ಅನ್ನು ಹಳೆಯ ಆವೃತ್ತಿಯಲ್ಲಿ ತೆರೆಯಲು ಹೋದರೆ ಥಂಡರ್‌ಬರ್ಡ್ ಎಚ್ಚರಿಕೆ ತೋರಿಸಿ ತಡೆಯುತ್ತದೆ. ಅಲ್ಲಿ ಎರಡೇ ದಾರಿ: ಹೊಸ ಪ್ರೊಫೈಲ್ ರಚಿಸುವುದು, ಇಲ್ಲವೇ ಹೊರಬರುವುದು.

ಗಾಬರಿಯಲ್ಲಿ ಹೊಸ ಪ್ರೊಫೈಲ್ ಒತ್ತಿದರೆ ಖಾಲಿ ಪರದೆ ಬರುತ್ತದೆ. ಹತ್ತು ವರ್ಷದ ಪತ್ರವ್ಯವಹಾರ ಅಳಿಸಿಹೋಯಿತು ಎಂದು ಎದೆ ಧಸಕ್ಕೆನ್ನುವುದು ಆಗಲೇ. ಆದರೆ ಏನೂ ಅಳಿದಿಲ್ಲ. ಹಳೆಯ ಪ್ರೊಫೈಲ್ ಪಕ್ಕದಲ್ಲೇ ಇದೆ, ತಂತ್ರಾಂಶ ಬೇರೊಂದು ಖಾಲಿ ಬೀರುವನ್ನು ತೆರೆದು ತೋರಿಸುತ್ತಿದೆ ಅಷ್ಟೇ. ಹೊಸ ಆವೃತ್ತಿಯನ್ನು ಮತ್ತೆ ಹಾಕಿ, ಹೆಲ್ಪ್ ಮೆನುವಿನ 'ಟ್ರಬಲ್‌ಶೂಟಿಂಗ್ ಇನ್ಫರ್ಮೇಶನ್' ಪುಟದಿಂದ ಪ್ರೊಫೈಲ್‌ಗಳ ಪಟ್ಟಿಗೆ ಹೋಗಿ ಹಳೆಯದನ್ನು ಆರಿಸಿಕೊಂಡರೆ ಪತ್ರಗಳು ಮರಳಿ ಕಾಣುತ್ತವೆ. ಈ ಹೊತ್ತಿನಲ್ಲಿ ಯಾವ ಫೋಲ್ಡರನ್ನೂ ಡಿಲೀಟ್ ಮಾಡಬಾರದು ಎನ್ನುವುದಷ್ಟೇ ಮುಖ್ಯ.

ಮೊದಲು ಒಂದು ನಕಲು

ನಿಮ್ಮ ಖಾತೆ ಐಮ್ಯಾಪ್ ವಿಧಾನದಲ್ಲಿದ್ದರೆ ಪತ್ರಗಳ ಮೂಲ ಪ್ರತಿ ಸರ್ವರ್‌ನಲ್ಲಿರುತ್ತದೆ. ಕಂಪ್ಯೂಟರ್‌ನಲ್ಲಿ ಎಡವಟ್ಟಾದರೂ ಮತ್ತೆ ಇಳಿಸಿಕೊಳ್ಳಬಹುದು. ಪಾಪ್ ವಿಧಾನದಲ್ಲಿದ್ದರೆ, ಸರ್ವರ್‌ನಲ್ಲಿ ಉಳಿಸಿಕೊಳ್ಳುವ ಆಯ್ಕೆ ಮಾಡಿರದಿದ್ದಲ್ಲಿ, ಇರುವ ಒಂದೇ ಪ್ರತಿ ನಿಮ್ಮ ಕಂಪ್ಯೂಟರ್‌ನಲ್ಲಿರುತ್ತದೆ. 'ಲೋಕಲ್ ಫೋಲ್ಡರ್ಸ್'ಗೆ ಸರಿಸಿಟ್ಟ ಪತ್ರಗಳ ಕತೆಯೂ ಇದೇ.

ನಕಲು ಮಾಡುವುದು ಕಷ್ಟವಲ್ಲ. ಅದೇ ಟ್ರಬಲ್‌ಶೂಟಿಂಗ್ ಪುಟದಲ್ಲಿ 'ಪ್ರೊಫೈಲ್ ಫೋಲ್ಡರ್' ಎದುರಿನ ಗುಂಡಿ ಒತ್ತಿ ಫೋಲ್ಡರ್ ತೆರೆಯಿರಿ. ನಂತರ ಥಂಡರ್‌ಬರ್ಡ್ ಅನ್ನು ಪೂರ್ತಿ ಮುಚ್ಚಿ, ಆ ಫೋಲ್ಡರನ್ನು ಇಡಿಯಾಗಿ ಹೊರಗಿನ ಡ್ರೈವ್‌ಗೆ ನಕಲಿಸಿ. ದೊಡ್ಡ ಅಪ್‌ಗ್ರೇಡ್‌ಗೆ ಮೊದಲು ತೆಗೆದ ನಕಲು ಇದ್ದರೆ ಮಾತ್ರ ಹಳೆಯ ಆವೃತ್ತಿಗೆ ಸುರಕ್ಷಿತವಾಗಿ ಮರಳಬಹುದು. ಆಗಲೂ ನಕಲಿನ ನಂತರ ಪಾಪ್ ಮೂಲಕ ಬಂದ ಪತ್ರಗಳು ಆ ನಕಲಿನಲ್ಲಿರುವುದಿಲ್ಲ ಎಂಬುದು ನೆನಪಿರಲಿ.

ಅಪ್‌ಡೇಟ್ ನಿಲ್ಲಿಸಿಬಿಟ್ಟರೆ ಆಗದೇ?

'ಚೆನ್ನಾಗಿ ಓಡುತ್ತಿರುವುದನ್ನು ಮುಟ್ಟಬಾರದು, ಅಪ್‌ಡೇಟ್ ಎಲ್ಲಾ ಬರೀ ಅಲಂಕಾರ' ಎಂಬ ನಂಬಿಕೆ ನಮ್ಮಲ್ಲಿ ಹಲವರಿಗಿದೆ. ಇದು ಅರ್ಧ ಸತ್ಯ. ರೂಪ ಬದಲಿಸುವ ಅಪ್‌ಗ್ರೇಡ್ ಬೇರೆ, ಭದ್ರತೆಯ ತೂತು ಮುಚ್ಚುವ ಅಪ್‌ಡೇಟ್ ಬೇರೆ. ಇಮೇಲ್ ತಂತ್ರಾಂಶದ ಕೆಲಸವೇ ಅಪರಿಚಿತರು ಕಳಿಸಿದ್ದನ್ನು ತೆರೆದು ತೋರಿಸುವುದು. ಹಾಗಾಗಿ ಅದರಲ್ಲಿನ ತೂತು ಹೆಚ್ಚು ಅಪಾಯಕಾರಿ. 2018ರ ಮೇ ತಿಂಗಳಲ್ಲಿ ಬೆಳಕಿಗೆ ಬಂದ 'ಇಫೇಲ್' ಎಂಬ ದೋಷ, ಗೂಢಲಿಪಿಯಲ್ಲಿ ಕಳಿಸಿದ ಪತ್ರದ ಒಳಗಿನ ಬರಹವನ್ನೇ ಹೊರಗೆ ಸೋರಿಸಲು ಅವಕಾಶ ಕೊಡುತ್ತಿತ್ತು. ಥಂಡರ್‌ಬರ್ಡ್ ಸೇರಿ ಹಲವು ತಂತ್ರಾಂಶಗಳಿಗೆ ಅದರ ತೊಂದರೆ ತಟ್ಟಿತ್ತು.

ಇನ್ನೊಂದು ಕಾರಣವೂ ಇದೆ. ನಾವು ಬದಲಾಗದಿದ್ದರೂ ಸರ್ವರ್‌ಗಳು ಬದಲಾಗುತ್ತವೆ. 2022ರಲ್ಲಿ ಗೂಗಲ್, ಬರೀ ಖಾತೆಯ ಪಾಸ್‌ವರ್ಡ್ ಕೊಟ್ಟು ಜಿಮೇಲ್‌ಗೆ ಲಾಗಿನ್ ಆಗುವ ಹಳೆಯ ತಂತ್ರಾಂಶಗಳಿಗೆ ಬಾಗಿಲು ಮುಚ್ಚತೊಡಗಿತು. ತೀರಾ ಹಳೆಯ ಆವೃತ್ತಿ ಒಂದು ದಿನ ಪತ್ರ ತರುವುದನ್ನೇ ನಿಲ್ಲಿಸಬಹುದು.

ಮಧ್ಯದ ದಾರಿ

ಮೊದಲನೆಯದು, ಅಪ್‌ಡೇಟ್ ಯಾವಾಗ ಎಂಬ ತೀರ್ಮಾನ ನಮ್ಮ ಕೈಯಲ್ಲಿರಲಿ. ವಿಂಡೋಸ್‌ನಲ್ಲಿ ಥಂಡರ್‌ಬರ್ಡ್‌ನ ಸೆಟ್ಟಿಂಗ್ಸ್‌ನಲ್ಲಿ 'ಜನರಲ್' ವಿಭಾಗದ ಕೆಳಗೆ ಅಪ್‌ಡೇಟ್ ಆಯ್ಕೆಗಳಿವೆ. ತಾನಾಗಿಯೇ ಹಾಕಿಕೊಳ್ಳುವುದರ ಬದಲು 'ಹೊಸದು ಬಂದಿದೆಯೇ ನೋಡು, ಹಾಕುವುದನ್ನು ನನಗೆ ಬಿಡು' ಎಂಬ ಅರ್ಥದ ಆಯ್ಕೆ ಮಾಡಿ. ಸೂಚನೆ ಬಂದಾಗ ನಕಲು ತೆಗೆದು, ಬಿಡುವಿರುವ ದಿನ ಹಾಕಿಕೊಳ್ಳಿ. ಲಿನಕ್ಸ್‌ನಲ್ಲಿ ಸಾಮಾನ್ಯವಾಗಿ ಅಪ್‌ಡೇಟ್ ಬರುವುದು ಕಾರ್ಯಾಚರಣಾ ವ್ಯವಸ್ಥೆಯ ಮೂಲಕ. ಹಾಗಿದ್ದಲ್ಲಿ ಹಿಡಿತವೂ ಅಲ್ಲಿಯೇ ಇರುತ್ತದೆ.

ಎರಡನೆಯದು, ಇಎಸ್‌ಆರ್ ಆವೃತ್ತಿ. 2025ರ ಮಾರ್ಚ್‌ನಿಂದ ಥಂಡರ್‌ಬರ್ಡ್ ತಾಣದಲ್ಲಿ ಮೊದಲು ಸಿಗುವುದು ಪ್ರತಿ ತಿಂಗಳು ಹೊಸ ಸೌಲಭ್ಯ ಸೇರುವ ಆವೃತ್ತಿ. ಇಎಸ್‌ಆರ್‌ನಲ್ಲಿ ದೊಡ್ಡ ಬದಲಾವಣೆ ವರ್ಷಕ್ಕೊಮ್ಮೆ ಮಾತ್ರ. ಭದ್ರತೆಯ ತೇಪೆಗಳು ನಡುವೆ ಬರುತ್ತಲೇ ಇರುತ್ತವೆ. ಬದಲಾವಣೆ ಬೇಡ ಎನ್ನುವವರಿಗೆ ಇದೇ ಸೂಕ್ತ. ಆದರೆ ಈಗ ನಿಮ್ಮಲ್ಲಿರುವ ಆವೃತ್ತಿಯ ಸಂಖ್ಯೆ ಇಎಸ್‌ಆರ್‌ಗಿಂತ ದೊಡ್ಡದಾಗಿದ್ದರೆ ಅದೂ ಹಿಂದಕ್ಕೆ ಹೋದಂತೆಯೇ. ಮುಂದಿನ ಇಎಸ್‌ಆರ್ ಬರುವವರೆಗೆ ಕಾಯುವುದು ಒಳ್ಳೆಯದು.

ಮೂರನೆಯದು, ರೂಪವನ್ನು ಹಿಂದಕ್ಕೆ ತರುವುದು. ಸಿಟ್ಟು ಬಂದಿರುವುದು ಪರದೆಯ ಮೇಲಾದರೆ ಆವೃತ್ತಿ ಬದಲಿಸುವ ಅಗತ್ಯವೇ ಇಲ್ಲದಿರಬಹುದು. ಪತ್ರಗಳ ಪಟ್ಟಿಯ ಮೇಲಿರುವ ಸಣ್ಣ ಗುರುತನ್ನು ಒತ್ತಿ 'ಟೇಬಲ್ ವ್ಯೂ' ಆರಿಸಿದರೆ ಕಾರ್ಡುಗಳು ಹೋಗಿ ಸಾಲುಗಳು ಬರುತ್ತವೆ. 'ಡೆನ್ಸಿಟಿ' ಆಯ್ಕೆಯಿಂದ ಸಾಲುಗಳ ಅಂತರ, ಅದರ ಪಕ್ಕದಲ್ಲೇ ಅಕ್ಷರದ ಗಾತ್ರ ಬದಲಿಸಬಹುದು.

ಕೆಲವು ಬದಲಾವಣೆಗಳನ್ನು ಮಾತ್ರ ತಡೆಯಲಾಗದು. ವಿಂಡೋಸ್‌ನ ಜೊತೆಗೇ ಬರುತ್ತಿದ್ದ 'ಮೇಲ್' ತಂತ್ರಾಂಶಕ್ಕೆ ಮೈಕ್ರೋಸಾಫ್ಟ್ 2024ರ ಡಿಸೆಂಬರ್ 31ಕ್ಕೆ ಬೆಂಬಲ ನಿಲ್ಲಿಸಿ, ಬಳಕೆದಾರರನ್ನು ಹೊಸ ಔಟ್‌ಲುಕ್‌ನತ್ತ ಕಳಿಸಿತು. ಅಲ್ಲಿ ಸೆಟ್ಟಿಂಗ್ ಬದಲಿಸಿ ಹಳೆಯದನ್ನೇ ಉಳಿಸಿಕೊಳ್ಳುವ ದಾರಿ ಇರಲಿಲ್ಲ.

ತಂತ್ರಾಂಶ ಅದನ್ನು ರೂಪಿಸಿದವರದು, ಪತ್ರಗಳು ನಮ್ಮವು. ಮೊದಲನೆಯದರ ಮೇಲೆ ನಮಗಿರುವ ಹಿಡಿತ ಕಡಿಮೆ. ಎರಡನೆಯದನ್ನು ಕಾಪಾಡಲು ತಿಂಗಳಿಗೊಂದು ನಕಲು ಸಾಕು. ನೀವು ಕೊನೆಯ ಬಾರಿ ನಕಲು ತೆಗೆದದ್ದು ಯಾವಾಗ?